ಏನಾಗಬೇಕು

ಎಂಗುರಿ ಹೊಳೆಯ ಸೇತುವೆಯನ್ನು ಕುದುರೆಗಾಡಿಯಲ್ಲಿ ದಾಟಿ
(ಮುದುಕರಿಗೂ ಬಟಾಟೆ ಮೂಟೆಗೂ ಒಂದೇ ಬಾಡಿಗೆ)
ಆಚೆ ದಡದ ಗಾಜಿನ ಕಿಂಡಿಗೆ ಬಗ್ಗಿದೆ.
ಒಳಗೆ ಕೂತ ಹುಡುಗ ತಲೆಯೆತ್ತದೆ ಕೇಳಿದ:
ತೀರಿಕೊಂಡವರು ನಿಮಗೆ ಏನಾಗಬೇಕು?

ಏನಾಗಬೇಕು.

ನನ್ನ ಹೆತ್ತವಳು ಬಾಣಂತಿ ಜ್ವರದಲ್ಲಿ ಬೇಯುವಾಗ
ಬೇಲಿಯಾಚೆಯ ಹಿಬ್ಲಾ ಬಂದು ನನ್ನನ್ನೆತ್ತಿಕೊಂಡು ಹೋದಳು.
ಅವಳ ಬತಾಲ್ ನನಗಿಂತ ಹನ್ನೊಂದು ದಿನ ದೊಡ್ಡವ.
ಎಡದ್ದು ಅವನಿಗೆ, ಬಲದ್ದು ನನಗೆ.
ಒತಿಯಾ ಕಚ್ಚುತ್ತಿದ್ದ, ಇವನು ನಿದ್ದೆ ಹೋಗುತ್ತಿದ್ದ ಅಂತ
ಊರಿಗೆಲ್ಲ ಹೇಳಿಕೊಂಡು ನಗುತ್ತಿದ್ದಳು.
ಅವಳ ಮಗಳನ್ನು ನಾನು ಮದುವೆಯಾಗುವಂತಿರಲಿಲ್ಲ ಆಮೇಲೆ.
ಅವಳ ಮನೆಯ ಜಗಳದಲ್ಲಿ ನನಗೊಂದು ಪಾಲಿತ್ತು,
ಹಬ್ಬಕ್ಕೆ ಕಡಿದ ಮೇಕೆಯ ಕಿವಿಯಲ್ಲೂ.

ಜೋಳದ ಬಿಳಿ ಮುದ್ದೆ, ಉಪ್ಪಿಲ್ಲದ್ದು,
ಹೊಗೆಯಾಡುವಾಗಲೇ ನಡುವೆ ಚುಚ್ಚಿದ ಚೀಸಿನ ತುಂಡು.
ಅವರಲ್ಲಿ ಅದು ಅಬಿಸ್ತ, ನಮ್ಮಲ್ಲಿ ಗೋಮಿ.
ಹೆಸರಿಗೆ ಕಚ್ಚಾಡುತ್ತ ಒಂದೇ ಮಣೆಯ ಮೇಲೆ ಉಂಡೆವು.
ಉಪ್ಪಿಲ್ಲದ್ದಕ್ಕೆ ಉಪ್ಪಿನ ಋಣ ಎಲ್ಲಿಯದು ಅಂತ
ಮುಂದೆ ಯಾರೋ ಲೆಕ್ಕ ತೆಗೆದರು.

ಹುಟ್ಟುತ್ತಾ ಅಣ್ಣತಮ್ಮಂದಿರು, ಬೆಳೆಯುತ್ತಾ ದಾಯಾದಿಗಳು.
ನಾವು ಹುಟ್ಟಿದ್ದು ಬೇರೆ ಬೇರೆ ಹೊಟ್ಟೆಯಲ್ಲಿ,
ಪಾಲಾಗಬೇಕಾದ ಹೊಲವೂ ಇರಲಿಲ್ಲ.
ಆದರೂ ಬೆಳೆದೆವು.

ಮೊದಲು ನಮ್ಮವರು ಅವರ ಕಡೆ ಹೋದರು.
ಬತಾಲನ ಒಡಹುಟ್ಟಿದ ಅದ್ಗುರ್, ಹತ್ತೊಂಬತ್ತರವನು,
ಚಹಾ ಗಿಡಗಳ ಸಾಲಿನಲ್ಲಿ ಮಕಾಡೆ ಸಿಕ್ಕ.
ಅದೇ ಸಾಲಿನಲ್ಲಿದ್ದ ನನ್ನ ಚಿಕ್ಕಪ್ಪನ ಮಗ,
ಬಂದೂಕಿನ ಈ ತುದಿಯಲ್ಲಿ.
ವರ್ಷ ತುಂಬುವುದರೊಳಗೆ ಅವರವರು ನಮ್ಮ ಕಡೆ ಬಂದರು.
ನಮ್ಮ ಮನೆ ಉರಿಯುವಾಗ ಬತಾಲ್ ಅಂಗಳದಲ್ಲಿ ನಿಂತಿದ್ದ.
ಹಚ್ಚಲಿಲ್ಲ.
ಆರಿಸಲಿಲ್ಲ.
ಕೊಟ್ಟಿಗೆಗೆ ಹೋಗಿ ಎಮ್ಮೆಯ ಹಗ್ಗ ಕೊಯ್ದು ಬಿಟ್ಟ.
ನನಗಿದನ್ನು ಹೇಳಿದವರು ಮೂವರು,
ಮೂವರದೂ ಬೇರೆ ಬೇರೆ ದನಿ.

ಅರ್ಜಿಯಲ್ಲಿ ಅಡ್ಡಗೆರೆಯ ಚೌಕಗಳು:
ತಾಯಿ, ತಂದೆ, ಹೆಂಡತಿ, ಮಕ್ಕಳು, ಇತರೆ.
ಇತರೆಗೆ ದಾಖಲೆ ಬೇಕಂತೆ.
ಹಾಲಿಗೆ ರಸೀದಿ ಕೊಟ್ಟವರುಂಟೇ ತಮ್ಮಾ, ಅಂದೆ.
ತಮ್ಮಾ ಅಂದೆ ಅವನಿಗೆ, ಹೆಸರೂ ಗೊತ್ತಿಲ್ಲದವನಿಗೆ.
ಬಾಯಲ್ಲಿ ಸಲ್ಲುತ್ತದೆ ಆ ಮಾತು, ಚೌಕದಲ್ಲಿ ಸಲ್ಲುವುದಿಲ್ಲ.
ಹುಡುಗ ನಕ್ಕ, ಪಾಪ, ಕೆಟ್ಟವನಲ್ಲ.
ಮುದ್ರೆ ಒತ್ತಲಿಲ್ಲ.

ಅವಳನ್ನು ಮಣ್ಣುಮಾಡಿ ಸಂಜೆ ಬತಾಲ್ ಬಂದ
ತಂತಿಬೇಲಿಯವರೆಗೆ. ಗಡ್ಡ ಬೆಳೆದಿತ್ತು, ಬೆಳ್ಳಗೆ.
ನಾವು ಮಾತಾಡಿದ್ದು ಹುಳದ ವಿಷಯ:
ಕಂದು ಹುಳ, ಹೊಸಕಿದರೆ ಗಬ್ಬು ನಾರುವಂಥದು,
ಎರಡೂ ದಡದ ಹೇಜಲ್ ಕಾಯಿಗಳನ್ನು ಟೊಳ್ಳು ಮಾಡಿದೆ.
ಅದಕ್ಕೆ ಯಾರೂ ಪರವಾನಗಿ ಕೇಳುವುದಿಲ್ಲ, ಅಂದ,
ರಷ್ಯನ್ನಿನಲ್ಲಿ. ನನ್ನ ಭಾಷೆ ಅವನಿಗೆ ಮರೆತಿದೆ.
ಅವಳ ಭಾಷೆಯಲ್ಲಿ ನನಗೆ ಉಳಿದದ್ದು
ಅವಳು ಬೈಯುತ್ತಿದ್ದ ನಾಲ್ಕು ಬೈಗುಳ.

ಎಮ್ಮೆಯ ಬಗ್ಗೆ ಕೇಳಬೇಕೆಂದು ಬಂದಿದ್ದೆ.
ಚಹಾ ಗಿಡಗಳ ಬಗ್ಗೆ ಅವನೂ ಇಟ್ಟುಕೊಂಡಿದ್ದನೇನೋ.
ಬಟ್ಟೆಯಲ್ಲಿ ಸುತ್ತಿದ ಮುದ್ದೆಯನ್ನು
ತಂತಿಯ ಸಂದಿನಲ್ಲಿ ದಾಟಿಸಿದ. ಆರಿ ಕಲ್ಲಾಗಿತ್ತು.
ಇದಕ್ಕೆ ನಿಮ್ಮಲ್ಲಿ ಏನಂತೀರಿ, ಅಂದ.
ಗೊತ್ತಿದ್ದೇ ಕೇಳಿದ.
ನನ್ನ ಬಾಯಿ ತುಂಬಿತ್ತು.

ಕಾವಲಿನ ಸೈನಿಕ ಬಂದು ಅವನ ಹೆಗಲು ಮುಟ್ಟಿದ.
ಹೊತ್ತಾಯಿತು. ಇವನು ನಿನಗೆ ಏನಾಗಬೇಕು?
ಅವರ ಭಾಷೆಯಲ್ಲೇ ಕೇಳಿದ್ದು. ಮುಖ ನೋಡಿಯೇ ಅರ್ಥವಾಯಿತು.

ಬತಾಲ್ ತಡವರಿಸಿದ. ಹೊಳೆಯ ಕಡೆ ನೋಡಿದ.
ಬಲದ್ದು, ಅಂದ.

ಅವಳ ಭಾಷೆಯ ಐದನೇ ಪದವೂ ನನಗೆ ಬರುತ್ತದೆಂದು
ಆಗ ತಿಳಿಯಿತು.
ಸೈನಿಕ ಬರೆದುಕೊಳ್ಳಲು ಹೋಗಿ
ಪೆನ್ನನ್ನು ಹಾಗೇ ಹಿಡಿದು ನಿಂತ.